ಅಮೆರಿಕೆಯ ವರ್ಣದ್ವೇಷದ ಧಾರ್ಮಿಕ ಮೂಲಗಳು

ಅಮೆರಿಕ ಸಂಯುಕ್ತ ಸಂಸ್ಥಾನಗಳಲ್ಲಿ ಕರಿಯರಿಗೂ ಬಿಳಿಯರಿಗೂ ನಡುವೆ ಬೆಳೆದುನಿಂತ ಭೇದದ ಮಾತು ಬಂದಾಗಲೆಲ್ಲ ನಾವು ಸಾಮಾನ್ಯವಾಗಿ ಹತ್ತಿಯ ಹೊಲ, ತಂಬಾಕಿನ ತೋಟ, ಗುಲಾಮರನ್ನು ತುಂಬಿದ ಹಡಗು ಇವುಗಳನ್ನೇ ನೆನೆಯುತ್ತೇವೆ. ಅದು ತಪ್ಪಲ್ಲ. ಕೂಲಿಯಿಲ್ಲದ ದುಡಿಮೆಯ ಆಸೆಯೇ ಇದೆಲ್ಲದರ ಮೊದಲ ಕಾರಣವೆಂಬುದರಲ್ಲಿ ಸಂದೇಹವಿಲ್ಲ. ಆದರೆ ಬರಿಯ ಆಸೆಯಿಂದ ಒಂದು ಸಮಾಜ ಮುನ್ನೂರು ವರ್ಷ ನಡೆಯಲಾರದು. ಆಸೆಗೆ ಒಂದು ಸಮಾಧಾನ ಬೇಕು. ಭಾನುವಾರ ತಪ್ಪದೆ ಪ್ರಾರ್ಥನೆಗೆ ಹೋಗುವ, ಊಟಕ್ಕೆ ಮೊದಲು ದೇವರನ್ನು ನೆನೆಯುವ ಜನ, ಸೋಮವಾರ ಸಂತೆಯಲ್ಲಿ ತಾಯಿಯಿಂದ ಮಗುವನ್ನು ಬೇರ್ಪಡಿಸಿ ಕೊಳ್ಳುವುದಕ್ಕೆ ಅವರ ಮನಸ್ಸು ಒಪ್ಪಿದುದು ಹೇಗೆ? ಈ ಲೇಖನದಲ್ಲಿ ನಾನು ವಿಚಾರಿಸಹೊರಟಿರುವುದು ಇದೊಂದೇ ಪ್ರಶ್ನೆಯನ್ನು.

ಈ ವರ್ಷ ನಮ್ಮ ಚರ್ಚಾಕೂಟದಲ್ಲಿ ಇದಕ್ಕೆ ಸಮೀಪದ ವಿಷಯವೊಂದು ಬಂದಿತ್ತು. ಮಿತ್ರರೊಬ್ಬರು ಎದ್ದುನಿಂತು, ಧರ್ಮ ಯಾವಾಗಲೂ ನಿರ್ದೋಷಿಯೆಂದೂ ಮನುಷ್ಯರೇ ಅದನ್ನು ಕೆಡಿಸಿಕೊಂಡರೆಂದೂ ಹೇಳಿದರು. ಸಭೆ ಚಪ್ಪಾಳೆ ತಟ್ಟಿತು. ಇನ್ನೊಬ್ಬರು ಎದ್ದು, ಎಲ್ಲ ಅನರ್ಥಕ್ಕೂ ಧರ್ಮವೇ ಬೇರೆಂದರು. ಅದಕ್ಕೂ ಅಷ್ಟೇ ಜೋರಾದ ಚಪ್ಪಾಳೆ ಬಿತ್ತು. ಇವೆರಡೂ ಚಪ್ಪಾಳೆಗೆ ಒದಗುವ ಮಾತುಗಳೇ ಹೊರತು ಇತಿಹಾಸಕ್ಕೆ ಒದಗುವ ಮಾತುಗಳಲ್ಲ ಎಂದು ನನಗೆ ತೋರುತ್ತದೆ. ಧರ್ಮ ಅಲ್ಲಿ ಏನು ಮಾಡಿತು, ಯಾವಾಗ ಮಾಡಿತು ಎಂಬುದನ್ನು ಕಾಯಿದೆಯ ಪುಸ್ತಕಗಳಿಂದಲೇ ಹೆಚ್ಚುಕಡಿಮೆ ತಾರೀಖು ಸಹಿತವಾಗಿ ತೋರಿಸಬಹುದು.

೧೬೧೯ರ ಆಗಸ್ಟಿನಲ್ಲಿ ಇಂಗ್ಲಿಷರ ವರ್ಜೀನಿಯಾ ವಸಾಹತಿನ ತೀರಕ್ಕೆ ಇಪ್ಪತ್ತಕ್ಕೆ ಕೆಲವರು ಹೆಚ್ಚು ಆಫ್ರಿಕನ್ನರನ್ನು ಹೊತ್ತ ಹಡಗೊಂದು ಬಂದಿತು. ಅಂದಿನ ಇಂಗ್ಲಿಷರಿಗೆ ತಮ್ಮನ್ನು ತಾವು ಕರೆದುಕೊಳ್ಳಲು ಇದ್ದ ಮುಖ್ಯ ಹೆಸರು ‘ಬಿಳಿಯರು’ ಎಂದಲ್ಲ, ‘ಕ್ರೈಸ್ತರು’ ಎಂದು. ಎದುರಿಗಿದ್ದವರು ‘ಅನ್ಯಧರ್ಮದವರು’, ‘ಅಜ್ಞಾನಿಗಳು’. ಕ್ರೈಸ್ತನು ಕ್ರೈಸ್ತನನ್ನು ಗುಲಾಮನನ್ನಾಗಿ ಇಟ್ಟುಕೊಳ್ಳಬಾರದೆಂಬ ಒಂದು ಹಳೆಯ ನಂಬಿಕೆಯೂ ಯೂರೋಪಿನಲ್ಲಿ ಇತ್ತು. ಎಂದರೆ, ಮೊದಲು ಎಳೆದ ಗೆರೆ ಚರ್ಮದ ಮೇಲೆ ಎಳೆದದ್ದಲ್ಲ, ನಂಬಿಕೆಯ ಮೇಲೆ ಎಳೆದದ್ದು. ಆ ಗೆರೆಯಲ್ಲಿ ಒಂದು ಬಾಗಿಲಿತ್ತು. ದೀಕ್ಷಾಸ್ನಾನ ಮಾಡಿಸಿಕೊಂಡವನು ಗೆರೆಯನ್ನು ದಾಟಿ ಈಚೆಗೆ ಬರಬಹುದಾಗಿತ್ತು. ಗುಲಾಮರ ಒಡೆಯರಿಗೆ ಭಯ ಹುಟ್ಟಿಸಿದ್ದು ಈ ಬಾಗಿಲೇ.

ಎಲಿಜಬೆತ್ ಕೀ ಎಂಬ ಹೆಣ್ಣುಮಗಳ ಮೊಕದ್ದಮೆ ಇದಕ್ಕೆ ಸಾಕ್ಷಿ. ಆಕೆಯ ತಂದೆ ಇಂಗ್ಲಿಷಿನವನು, ತಾಯಿ ಆಫ್ರಿಕದವಳು. ತನ್ನನ್ನು ಜೀವಾವಧಿ ಗುಲಾಮಳೆಂದು ಎಣಿಸಿದಾಗ ಆಕೆ ನ್ಯಾಯಾಲಯಕ್ಕೆ ಹೋದಳು. ತನ್ನ ತಂದೆ ಸ್ವತಂತ್ರ ಮನುಷ್ಯ, ತನ್ನ ಸೇವೆಯ ಅವಧಿ ಎಂದೋ ಮುಗಿದಿದೆ, ಮೇಲಾಗಿ ತಾನು ದೀಕ್ಷಾಸ್ನಾನ ಪಡೆದ ಕ್ರೈಸ್ತಳು: ಇವು ಆಕೆಯ ವಾದಗಳು. ೧೬೫೬ರಲ್ಲಿ ಆಕೆ ಗೆದ್ದಳು. ತನ್ನ ಪರ ವಾದಿಸಿದವನನ್ನೇ ಮದುವೆಯಾದಳು. ಕಥೆ ಇಲ್ಲಿಗೇ ನಿಂತಿದ್ದರೆ ಎಷ್ಟು ಚೆನ್ನಾಗಿತ್ತು! ಆದರೆ ವರ್ಜೀನಿಯಾದ ಶಾಸನಸಭೆ ಆ ಬಾಗಿಲುಗಳನ್ನು ಒಂದೊಂದಾಗಿ ಮುಚ್ಚತೊಡಗಿತು. ಇಂಗ್ಲೆಂಡಿನ ಸಂಪ್ರದಾಯದಲ್ಲಿ ಮಗುವಿನ ಅಂತಸ್ತು ತಂದೆಯಿಂದ ಬರುತ್ತಿತ್ತು. ೧೬೬೨ರ ಕಾಯಿದೆ ಅದನ್ನು ತಲೆಕೆಳಗು ಮಾಡಿ, ಮಗು ಸ್ವತಂತ್ರವೋ ಗುಲಾಮವೋ ಎಂಬುದು ತಾಯಿಯ ಸ್ಥಿತಿಯಂತೆ ನಿರ್ಧಾರವಾಗತಕ್ಕದ್ದೆಂದು ಹೇಳಿತು. ಒಡೆಯನಿಗೆ ತನ್ನ ದಾಸಿಯಲ್ಲಿ ಹುಟ್ಟಿದ ಮಗುವೂ ಇದರಿಂದ ಅವನ ಆಸ್ತಿಯಾಯಿತು.

ಇದಾದ ಐದು ವರ್ಷಕ್ಕೆ, ೧೬೬೭ರಲ್ಲಿ, ಇನ್ನೊಂದು ಕಾಯಿದೆ ಬಂದಿತು. ನನ್ನ ಅಭಿಪ್ರಾಯದಲ್ಲಿ ಅಮೆರಿಕೆಯ ವರ್ಣದ್ವೇಷದ ಇತಿಹಾಸದಲ್ಲಿ ಇದಕ್ಕಿಂತ ಮುಖ್ಯವಾದ ಕಾಗದ ಮತ್ತೊಂದಿಲ್ಲ. ದೀಕ್ಷಾಸ್ನಾನದಿಂದ ಯಾರ ದಾಸ್ಯವೂ ಬದಲಾಗುವುದಿಲ್ಲವೆಂದು ಅದರ ಸಾರಾಂಶ. ಅದಕ್ಕೆ ಕೊಟ್ಟ ಕಾರಣವನ್ನಂತೂ ಎರಡು ಸಲ ಓದಿದರೂ ನಂಬುವುದು ಕಷ್ಟ. ಆಸ್ತಿ ಕೈಬಿಟ್ಟುಹೋದೀತೆಂಬ ಸಂಶಯದಿಂದ ಒಡೆಯರು ಬಿಡುಗಡೆ ಹೊಂದಿದರೆ, ಗುಲಾಮರಲ್ಲಿ ಕ್ರೈಸ್ತಧರ್ಮವನ್ನು ಇನ್ನೂ ಶ್ರದ್ಧೆಯಿಂದ ಹರಡಬಹುದಂತೆ! ಬಿಡುಗಡೆಯ ಮಾತು ಒಡೆಯನ ಸಂಶಯಕ್ಕೇ ಹೊರತು ಗುಲಾಮನ ಕಾಲಿಗಲ್ಲ.

ಇಲ್ಲಿ ಒಂದು ಸೂಕ್ಷ್ಮವನ್ನು ವಾಚಕರು ಗಮನಿಸಬೇಕು. ಗುಲಾಮನೂ ಕ್ರೈಸ್ತನೇ ಆದಮೇಲೆ, ಅವನನ್ನು ಅನ್ಯಧರ್ಮದವನೆಂದು ಹೇಳಿ ದುಡಿಸುವಂತಿಲ್ಲ. ಹಳೆಯ ಗೆರೆ ಅಳಿಸಿಹೋಯಿತು. ಹೊಸ ಗೆರೆ ಎಲ್ಲಿ? ೧೬೮೨ರ ಕಾಯಿದೆ ಇದಕ್ಕೆ ಒಂದು ಉಪಾಯ ಹೂಡಿತು. ಮೊದಲು ಕೊಂಡಾಗ ಯಾರ ಹುಟ್ಟುನಾಡು, ಯಾರ ತಂದೆತಾಯಿಗಳು ಕ್ರೈಸ್ತರಾಗಿರಲಿಲ್ಲವೋ ಅವರು ಆಮೇಲೆ ಕ್ರೈಸ್ತರಾದರೂ ಗುಲಾಮರೇ. ಹೀಗೆ ಅನ್ಯಧರ್ಮವೆಂಬುದು ಮನುಷ್ಯನ ನಂಬಿಕೆಯಾಗಿ ಉಳಿಯದೆ, ರಕ್ತದಲ್ಲಿ ಹರಿದು ಬರುವ ಕಲೆಯಾಗಿ ಮಾರ್ಪಟ್ಟಿತು. ಇನ್ನು ಒಂಬತ್ತು ವರ್ಷ ಕಳೆದು ೧೬೯೧ರಲ್ಲಿ ವಿವಾಹನಿಷೇಧದ ಕಾಯಿದೆ ಬಂದಾಗ, ಅದು ಇಂಗ್ಲಿಷರ ಜೊತೆಗೆ ‘ಬಿಳಿಯ’ ಗಂಡಸು, ‘ಬಿಳಿಯ’ ಹೆಂಗಸು ಎಂದು ಬಾಯಿಬಿಟ್ಟು ಹೇಳಿತು. ಒಂದೇ ತಲೆಮಾರಿನಲ್ಲಿ ‘ಕ್ರೈಸ್ತ’ ಎಂಬ ಮಾತು ಕೂತಿದ್ದ ಪೀಠದಲ್ಲಿ ‘ಬಿಳಿಯ’ ಎಂಬ ಮಾತು ಬಂದು ಕೂತಿತು. ರೆಬೆಕ್ಕಾ ಗೋಟ್ಸ್ ಎಂಬ ಇತಿಹಾಸಕಾರ್ತಿ ೨೦೧೨ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಈ ಸಂಗತಿಯನ್ನು ವಿಸ್ತಾರವಾಗಿ ವಿವೇಚಿಸಿದ್ದಾರೆ. ಆದುದರಿಂದ ಧರ್ಮವು ವರ್ಣದ್ವೇಷಕ್ಕೆ ಬರಿಯ ಮುಸುಕಾಗಿತ್ತು ಎಂದರೆ ಸಾಲದು. ಅದು ಅಚ್ಚಾಗಿತ್ತು. ಎರಕ ಹೊಯ್ದವರು ತೋಟದ ಒಡೆಯರು. ಆದರೆ ಅಚ್ಚು ಮೊದಲೇ ಸಿದ್ಧವಾಗಿತ್ತು.

ಪಾದ್ರಿಗಳು ಇದನ್ನು ಹೇಗೆ ಒಪ್ಪಿಕೊಂಡರು? ಎಲ್ಲರೂ ಕ್ರೂರಿಗಳಾಗಿರಲಿಲ್ಲ. ದಕ್ಷಿಣ ಕರೊಲಿನಾದಲ್ಲಿದ್ದ ಫ್ರಾನ್ಸಿಸ್ ಲೆ ಜೌ ಎಂಬ ಪಾದ್ರಿ ಗುಲಾಮರಿಗೆ ಕೊಡುತ್ತಿದ್ದ ಕಠಿಣ ಶಿಕ್ಷೆಗಳನ್ನು ಕಂಡು ನೊಂದು ಪತ್ರ ಬರೆದವನು. ಅದೇ ಲೆ ಜೌ, ದೀಕ್ಷೆ ಬೇಡಿ ಬಂದ ಗುಲಾಮನಿಂದ ಮೊದಲು ಸಭೆಯ ಮುಂದೆ ಒಂದು ಪ್ರತಿಜ್ಞೆ ಮಾಡಿಸುತ್ತಿದ್ದನು. ತಾನು ಒಡೆಯನ ಸೇವೆಯಿಂದ ತಪ್ಪಿಸಿಕೊಳ್ಳುವ ಉದ್ದೇಶದಿಂದ ಈ ಸ್ನಾನವನ್ನು ಕೇಳುತ್ತಿಲ್ಲ, ಆತ್ಮದ ಹಿತಕ್ಕಾಗಿ ಮಾತ್ರ ಕೇಳುತ್ತಿದ್ದೇನೆ ಎಂದು ಆ ಪ್ರತಿಜ್ಞೆ. ಆತ್ಮ ಬೇರೆ, ದೇಹ ಬೇರೆ. ಆತ್ಮಕ್ಕೆ ಸ್ವರ್ಗ, ದೇಹಕ್ಕೆ ಚಾಟಿ. ಒಳ್ಳೆಯ ಮನಸ್ಸಿನವನೂ ಈ ವಿಭಾಗವನ್ನು ಒಪ್ಪಿಕೊಂಡದ್ದೇ ನನಗೆ ಹೆಚ್ಚು ಭಯಂಕರವಾಗಿ ಕಾಣುತ್ತದೆ. ಹದಿನೆಂಟನೆಯ ಶತಮಾನದ ಹೆಸರಾಂತ ಪ್ರವಚನಕಾರ ಜಾರ್ಜ್ ವ್ಹಿಟ್‌ಫೀಲ್ಡ್ ಜಾರ್ಜಿಯಾ ವಸಾಹತಿನಲ್ಲಿ ಗುಲಾಮಗಿರಿಗೆ ಅನುಮತಿ ಕೊಡಬೇಕೆಂದು ವಾದಿಸಿದನು. ಅಲ್ಲಿ ಅವನು ನಡೆಸುತ್ತಿದ್ದುದು ಒಂದು ಅನಾಥಾಲಯ! ಪ್ರಾಟೆಸ್ಟಂಟರ ಮಾತು ಹೀಗಾದರೆ ಕ್ಯಾಥೊಲಿಕರೂ ಹಿಂದೆ ಬೀಳಲಿಲ್ಲ. ೧೮೩೮ರಲ್ಲಿ ಮೇರಿಲ್ಯಾಂಡಿನ ಜೆಸುಯಿಟ್ ಪಾದ್ರಿಗಳು ೨೭೨ ಜನ ಗುಲಾಮರನ್ನು ಮಾರಿದರು. ಆ ಹಣದ ಒಂದು ಭಾಗ ಜಾರ್ಜ್‌ಟೌನ್ ಕಾಲೇಜಿನ ಸಾಲ ತೀರಿಸಲು ಹೋಯಿತು.

ಕಾಯಿದೆ ಮಾಡಿದ ಮೇಲೆ ಶಾಸ್ತ್ರಾಧಾರ ಬೇಕಾಯಿತು. ಬೈಬಲಿನ ಆದಿಕಾಂಡದ ಒಂಬತ್ತನೆಯ ಅಧ್ಯಾಯದಲ್ಲಿ ನೋಹನ ಕಥೆಯೊಂದಿದೆ. ಜಲಪ್ರಳಯ ಕಳೆದಮೇಲೆ ನೋಹನು ದ್ರಾಕ್ಷಾರಸ ಕುಡಿದು ಬಟ್ಟೆಯ ಪರಿವೆಯಿಲ್ಲದೆ ಮಲಗಿದ್ದನು. ಮಗನಾದ ಹಾಮನು ಅದನ್ನು ನೋಡಿ ಹೊರಗೆ ಹೋಗಿ ಹೇಳಿದನು; ಉಳಿದ ಇಬ್ಬರು ಮಕ್ಕಳು ಮುಖ ತಿರುಗಿಸಿಕೊಂಡು ತಂದೆಗೆ ಬಟ್ಟೆ ಹೊದಿಸಿದರು. ಎಚ್ಚೆತ್ತ ನೋಹನು ಶಪಿಸಿದನು. ದಕ್ಷಿಣದ ಪಂಡಿತರು ಈ ಶಾಪವನ್ನೇ ಹಿಡಿದು, ಹಾಮನ ಸಂತತಿಯೇ ಆಫ್ರಿಕನ್ನರು, ದಾಸ್ಯ ಅವರಿಗೆ ದೈವವಿಧಿ ಎಂದು ಸಾರಿದರು. ಆದರೆ ಮೂಲವನ್ನು ತೆರೆದು ನೋಡಿದರೆ ಅಲ್ಲಿ ಶಾಪ ತಗಲಿದ್ದು ಹಾಮನಿಗಲ್ಲ, ಅವನ ನಾಲ್ವರು ಮಕ್ಕಳಲ್ಲಿ ಒಬ್ಬನಾದ ಕಾನಾನನಿಗೆ. ಕಾನಾನ್ಯರು ಪ್ಯಾಲೆಸ್ಟೈನಿನ ಜನ, ಆಫ್ರಿಕದವರಲ್ಲ. ಆಫ್ರಿಕದ ಇಥಿಯೋಪ್ಯಕ್ಕೆ ಸಂಬಂಧ ಹೇಳುವುದು ಕೂಷನೆಂಬ ಬೇರೊಬ್ಬ ಮಗನಿಗೆ. ಅವನ ಮೇಲೆ ಶಾಪವೇ ಇಲ್ಲ. ಚರ್ಮದ ಬಣ್ಣದ ಮಾತಂತೂ ಆ ಅಧ್ಯಾಯದಲ್ಲಿ ಎಲ್ಲಿಯೂ ಬರುವುದಿಲ್ಲ. ಯಾರಾದರೂ ಅರ್ಧ ಗಂಟೆ ಕುಳಿತು ಓದಿದರೆ ತಿಳಿಯುವ ಸಂಗತಿ ಇದು. ಆದರೂ ೧೮೬೧ರ ಮಾರ್ಚಿಯಲ್ಲಿ, ಒಕ್ಕೂಟದಿಂದ ಒಡೆದುಹೋದ ದಕ್ಷಿಣದ ಸಂಸ್ಥಾನಗಳ ಉಪಾಧ್ಯಕ್ಷ ಅಲೆಗ್ಸಾಂಡರ್ ಸ್ಟೀಫನ್ಸ್ ಸವಾನಾ ನಗರದಲ್ಲಿ ಭಾಷಣ ಮಾಡುತ್ತ, ತಮ್ಮ ಹೊಸ ಸರಕಾರದ ಅಡಿಗಲ್ಲೇ ಕರಿಯನ ಅಸಮಾನತೆ ಎಂದಾಗ, ಕಾನಾನನ ಶಾಪವನ್ನು ಹೆಸರಿಸುವುದನ್ನು ಮರೆಯಲಿಲ್ಲ.

ಓದಿದರೆ ತಿಳಿಯುತ್ತದೆ ಎಂದೆನಷ್ಟೆ. ಓದುವುದನ್ನೇ ಅಪರಾಧ ಮಾಡಿದ್ದರು! ಉತ್ತರ ಕರೊಲಿನಾದಲ್ಲಿ ೧೮೩೦ರ ಕಾಯಿದೆ ಗುಲಾಮರಿಗೆ ಓದುಬರಹ ಕಲಿಸುವುದನ್ನು ನಿಷೇಧಿಸಿತು. ಮರುವರ್ಷ ವರ್ಜೀನಿಯಾದಲ್ಲಿ, ತಾನೇ ಬೈಬಲನ್ನು ಓದಿ ಉಪದೇಶ ಮಾಡುತ್ತಿದ್ದ ನ್ಯಾಟ್ ಟರ್ನರ್ ಎಂಬ ಗುಲಾಮ ದಂಗೆಯೆದ್ದಮೇಲೆ ಕಟ್ಟುಗಳು ಇನ್ನೂ ಬಿಗಿಯಾದವು. ಕರಿಯರು ತಾವೇ ಉಪದೇಶ ಮಾಡುವುದಕ್ಕೂ ತಡೆ ಬಂದಿತು. ೧೮೦೭ರಲ್ಲಿ ಬ್ರಿಟಿಷ್ ವೆಸ್ಟ್ ಇಂಡೀಸಿನ ಗುಲಾಮರಿಗೆಂದು ಲಂಡನ್ನಿನಲ್ಲಿ ಅಚ್ಚು ಹಾಕಿಸಿದ ಬೈಬಲೊಂದಿದೆ. ಯೋಸೇಫನನ್ನು ಅಣ್ಣಂದಿರು ಮಾರಿದ ಕಥೆ ಅದರಲ್ಲಿದೆ. ಇಸ್ರಾಯೇಲ್ಯರು ಐಗುಪ್ತದ ದಾಸ್ಯದಿಂದ ಪಾರಾದ ಕಥೆ ಇಲ್ಲ. ಕತ್ತರಿ ಹಿಡಿದವರಿಗೆ ಗ್ರಂಥದ ಯಾವ ಪುಟದಲ್ಲಿ ಬೆಂಕಿ ಇದೆಯೆಂಬುದು ಚೆನ್ನಾಗಿ ಗೊತ್ತಿತ್ತು.

ಹೋವರ್ಡ್ ಥರ್ಮನ್ ಎಂಬ ಕರಿಯ ಧರ್ಮಪಂಡಿತರು ತಮ್ಮ ಅಜ್ಜಿಯ ವಿಷಯ ಬರೆದಿದ್ದಾರೆ. ಗುಲಾಮಳಾಗಿ ಹುಟ್ಟಿದ ಆ ಮುದುಕಿಗೆ ಓದು ಬಾರದು. ಹುಡುಗ ಥರ್ಮನ್ ವಾರಕ್ಕೆ ಎರಡು ಮೂರು ಸಲ ಬೈಬಲನ್ನು ಓದಿ ಹೇಳಬೇಕು. ಆದರೆ ಪೌಲನ ಪತ್ರಗಳನ್ನು, ಪ್ರೀತಿಯ ವಿಚಾರದ ಒಂದು ಅಧ್ಯಾಯದ ಹೊರತು, ಆಕೆ ಓದಗೊಡುತ್ತಿರಲಿಲ್ಲ. ಕಾರಣ ಕೇಳಿದಾಗ ಆಕೆ ಹೇಳಿದ್ದೇನೆಂದರೆ: ದಾಸ್ಯದ ದಿನಗಳಲ್ಲಿ ಒಡೆಯನ ಪಾದ್ರಿ ಬಂದಾಗಲೆಲ್ಲ, ದಾಸರು ಒಡೆಯರಿಗೆ ವಿಧೇಯರಾಗಿರಬೇಕೆಂಬ ಪೌಲನ ಮಾತನ್ನೇ ಎತ್ತಿಕೊಳ್ಳುತ್ತಿದ್ದನು; ಬಿಡುಗಡೆಯಾಗಿ ತನಗೆ ಓದು ಬಂದರೂ ಆ ಭಾಗವನ್ನು ಓದುವುದಿಲ್ಲವೆಂದು ಅಂದೇ ದೇವರಿಗೆ ಮಾತು ಕೊಟ್ಟಿದ್ದಳು. ನಮ್ಮ ಮನೆಯಲ್ಲಿ ಮೊದಲು ಅಕ್ಷರ ಕಲಿತವನು ನಾನು. ಕಂದಾಯದ ರಸೀದಿಯಿಂದ ಹಿಡಿದು ಹಬ್ಬದ ದಿನ ಪುರಾಣದವರೆಗೆ ಓದಿ ಹೇಳುವ ಕೆಲಸ ನನ್ನದೇ. ಕೇಳುತ್ತ ಕುಳಿತವರಿಗೂ ಇದು ಬೇಕು, ಇದು ಬೇಡ ಎಂಬ ತೀರ್ಮಾನ ಉಂಟೆಂಬುದನ್ನು ನಾನು ಬಲ್ಲೆ. ಆ ಅಜ್ಜಿಯ ತೀರ್ಮಾನದ ಮುಂದೆ ದಕ್ಷಿಣದ ಪಂಡಿತರ ದಪ್ಪ ದಪ್ಪ ಗ್ರಂಥಗಳು ಹಗುರವಾಗಿ ಕಾಣುತ್ತವೆ.

ಗುಲಾಮಗಿರಿಯ ಪ್ರಶ್ನೆಯ ಮೇಲೆ ರಾಜ್ಯ ಒಡೆಯುವ ಮೊದಲೇ ಚರ್ಚುಗಳು ಒಡೆದವು. ಜಾರ್ಜಿಯಾದ ಬಿಷಪ್ ಆಂಡ್ರೂ ಗುಲಾಮರ ಒಡೆಯನಾಗಿದ್ದುದರಿಂದ ೧೮೪೪ರಲ್ಲಿ ಮೆಥಡಿಸ್ಟರು ಎರಡಾದರು. ಗುಲಾಮರ ಒಡೆಯನನ್ನು ಧರ್ಮಪ್ರಚಾರಕ್ಕೆ ನೇಮಿಸಬಹುದೇ ಎಂಬ ಜಗಳದಿಂದ ೧೮೪೫ರಲ್ಲಿ ದಕ್ಷಿಣದ ಬ್ಯಾಪ್ಟಿಸ್ಟರು ತಮ್ಮದೇ ಬೇರೆ ಸಂಘವನ್ನು ಕಟ್ಟಿಕೊಂಡರು. ಉತ್ತರದವರೆಲ್ಲ ಪುಣ್ಯವಂತರೆಂದು ಇದರ ಅರ್ಥವಲ್ಲ. ಉತ್ತರದ ಫಿಲಡೆಲ್ಫಿಯಾದಲ್ಲೇ, ಹದಿನೆಂಟನೆಯ ಶತಮಾನದ ಕೊನೆಯಲ್ಲಿ, ಮೊಣಕಾಲೂರಿ ಪ್ರಾರ್ಥಿಸುತ್ತಿದ್ದ ಕರಿಯರನ್ನು ಪ್ರಾರ್ಥನೆ ಮುಗಿಯುವವರೆಗೂ ಕಾಯದೆ ಮೇಲಕ್ಕೆಳೆದರು. ಅಂದು ಅಲ್ಲಿಂದ ಹೊರನಡೆದವರಲ್ಲಿ ಒಬ್ಬರಾದ ರಿಚರ್ಡ್ ಆಲೆನ್ ೧೭೯೪ರಲ್ಲಿ ಕರಿಯರ ಬೆತೆಲ್ ಚರ್ಚನ್ನು ಸ್ಥಾಪಿಸಿದರು. ೧೮೧೬ರಲ್ಲಿ ಅದರಿಂದ ಆಫ್ರಿಕನ್ ಮೆಥಡಿಸ್ಟ್ ಎಪಿಸ್ಕೋಪಲ್ ಎಂಬ ಸ್ವತಂತ್ರ ಪಂಥವೇ ಬೆಳೆಯಿತು. ಕ್ವೇಕರರ ಹೆಸರನ್ನೂ ಇಲ್ಲಿ ಹೇಳಲೇಬೇಕು. ೧೬೮೮ರಲ್ಲೇ ಜರ್ಮನ್‌ಟೌನಿನ ಕೆಲವರು ಗುಲಾಮಗಿರಿಗೆ ವಿರೋಧವಾಗಿ ಬರೆದುಕೊಟ್ಟರು. ೧೭೭೬ರ ಹೊತ್ತಿಗೆ ಫಿಲಡೆಲ್ಫಿಯಾದ ಕ್ವೇಕರ್ ಸಭೆ ಗುಲಾಮರನ್ನು ಇಟ್ಟುಕೊಂಡ ಸದಸ್ಯನಿಗೆ ತನ್ನಲ್ಲಿ ಸ್ಥಾನವಿಲ್ಲವೆಂದಿತು. ಗ್ರಂಥ ಒಂದೇ. ಆದುದರಿಂದ ‘ಗ್ರಂಥದಲ್ಲಿ ಹೀಗೆ ಬರೆದಿದೆ’ ಎಂಬ ಒಡೆಯರ ವಾದಕ್ಕೆ ಅವರ ನೆರೆಯವರೇ ಉತ್ತರವಾಗಿದ್ದರು.

೧೮೬೫ರಲ್ಲಿ ಗುಲಾಮಗಿರಿ ಕಾನೂನಿನಿಂದ ಅಳಿಯಿತು, ಅಚ್ಚು ಅಳಿಯಲಿಲ್ಲ. ೧೯೧೫ರಲ್ಲಿ ಕೂ ಕ್ಲಕ್ಸ್ ಕ್ಲಾನ್ ಎಂಬ ಹಿಂಸೆಯ ಕೂಟವನ್ನು ಜಾರ್ಜಿಯಾದ ಸ್ಟೋನ್ ಮೌಂಟನ್ ಬೆಟ್ಟದ ಮೇಲೆ ಮತ್ತೆ ಎಬ್ಬಿಸಿದವನು ಹಿಂದೆ ಮೆಥಡಿಸ್ಟ್ ಉಪದೇಶಕನಾಗಿದ್ದ ವಿಲಿಯಂ ಸಿಮನ್ಸ್. ಅವರು ಹೊತ್ತಿಸಿದ ಗುರುತು ಶಿಲುಬೆ. ಒಡೆದಿದ್ದ ಮೆಥಡಿಸ್ಟರು ೧೯೩೯ರಲ್ಲಿ ಒಂದಾದರಂತೆ. ಆದರೆ ಆ ಐಕ್ಯದಲ್ಲಿ ಕರಿಯರ ಸಭೆಗಳನ್ನೆಲ್ಲ ಪ್ರತ್ಯೇಕವಾದ ಒಂದು ವಿಭಾಗಕ್ಕೆ ಹಾಕಿದರು. ಅದು ರದ್ದಾದದ್ದು ೧೯೬೮ರಲ್ಲಿ.

ಈ ವಿಷಯಕ್ಕೂ ನಮ್ಮ ನಾಡಿಗೂ ಒಂದು ನಿಜವಾದ ಸಂಬಂಧವಿದೆ. ಅದು ನಮ್ಮಲ್ಲಿ ಹೆಚ್ಚು ಜನಕ್ಕೆ ತಿಳಿದಂತಿಲ್ಲ. ೧೯೩೫ರಲ್ಲಿ ಮೇಲೆ ಹೇಳಿದ ಥರ್ಮನ್ ಅವರು ಭಾರತ, ಸಿಂಹಳಗಳ ಪ್ರವಾಸಕ್ಕೆ ಬಂದಿದ್ದಾಗ ಕೊಲಂಬೊದ ಕಾನೂನು ಕಾಲೇಜಿನಲ್ಲಿ ಒಬ್ಬರು ಅವರನ್ನು ನೇರವಾಗಿ ಕೇಳಿದರು: ನಿಮ್ಮ ಜನರನ್ನು ಹಿಡಿದು ಮಾರಿದವರು ಕ್ರೈಸ್ತರು, ಗುಲಾಮರನ್ನು ಸಾಗಿಸಿದ ಹಡಗಿಗೆ ಯೇಸುವಿನ ಹೆಸರೇ ಇತ್ತು, ಹೀಗಿದ್ದೂ ನೀವು ಕ್ರೈಸ್ತರಾಗಿ ಇಲ್ಲಿಗೆ ಬಂದಿರಲ್ಲ? ಪ್ರಶ್ನೆ ಕೇಳಿದವರು ಸುಳ್ಳು ಹೇಳಿರಲಿಲ್ಲ. ಹದಿನಾರನೆಯ ಶತಮಾನದ ಜಾನ್ ಹಾಕಿನ್ಸನ ಹಡಗಿನ ಹೆಸರು ‘ಜೀಸಸ್ ಆಫ್ ಲೂಬೆಕ್’. ಇದಕ್ಕೆ ಥರ್ಮನ್ ಕೊಟ್ಟ ಸವಿಸ್ತಾರವಾದ ಉತ್ತರವೇ ೧೯೪೯ರಲ್ಲಿ ಪುಸ್ತಕವಾಗಿ ಬಂದಿತು. ಧರ್ಮದ ಯಜಮಾನರು ಏನೇ ಮಾಡಲಿ, ಯೇಸು ಸ್ವತಃ ರೋಮನರ ಆಳ್ವಿಕೆಗೆ ಸಿಕ್ಕಿದ ಬಡ ಯೆಹೂದ್ಯ, ಗೋಡೆಗೆ ಬೆನ್ನು ಒತ್ತಿಹೋದವರ ಪಕ್ಷದವನು ಎಂಬುದು ಅದರ ತಿರುಳು.

ಥರ್ಮನ್ ಅವರ ಹಿಂದೆಯೇ ಬಂದವರು ಬೆಂಜಮಿನ್ ಮೇಸ್. ೧೯೩೭ರ ಜನವರಿಯಲ್ಲಿ ವೈ.ಎಂ.ಸಿ.ಎ. ಸಂಸ್ಥೆಯ ಜಾಗತಿಕ ಸಮ್ಮೇಳನ ನಡೆದದ್ದು ನಮ್ಮ ಮೈಸೂರಿನಲ್ಲಿ. ಅದಕ್ಕೆ ಅವರು ಪ್ರತಿನಿಧಿಯಾಗಿ ಬಂದಿದ್ದರು. ಅವರ ತಂದೆ ತಾಯಿ ಇಬ್ಬರೂ ಗುಲಾಮಗಿರಿಯಲ್ಲಿ ಹುಟ್ಟಿದವರು. ತಾಯಿಗೆ ಓದುಬರಹ ಬರುತ್ತಿರಲಿಲ್ಲ. ಮಗ ಷಿಕಾಗೊ ವಿಶ್ವವಿದ್ಯಾನಿಲಯದ ಡಾಕ್ಟರೇಟ್ ಪಡೆದಿದ್ದರು. ಮೈಸೂರಿನಲ್ಲಿ ಅಸ್ಪೃಶ್ಯರೆನಿಸಿದವರ ಮಕ್ಕಳ ಶಾಲೆಯೊಂದರ ಮುಖ್ಯೋಪಾಧ್ಯಾಯರು ಮೇಸ್ ಅವರನ್ನು ಕರೆದೊಯ್ದು, ಅಸ್ಪೃಶ್ಯರಾಗಿದ್ದೂ ದೊಡ್ಡ ಹೆಸರು ಗಳಿಸಿದವರು ಎಂದು ಮಕ್ಕಳಿಗೆ ಪರಿಚಯ ಮಾಡಿಕೊಟ್ಟರು. ಮೇಸ್ ಅವರಿಗೆ ಮೊದಲು ಸಿಟ್ಟು ಬಂದಿತು. ತಾನು ಅಮೆರಿಕದ ಪ್ರಜೆ, ಪಂಡಿತ, ತನಗೆ ಈ ಹೆಸರೇ? ಆದರೆ ಸ್ವಲ್ಪ ಹೊತ್ತಿನಲ್ಲೇ ತನ್ನ ನಾಡಿನಲ್ಲಿ ತಾನು ನಿಜವಾಗಿಯೂ ಅಸ್ಪೃಶ್ಯನೇ ಎಂಬುದು ಹಿಂದೆಂದೂ ಇಲ್ಲದಷ್ಟು ಸ್ಪಷ್ಟವಾಗಿ ಹೊಳೆಯಿತೆಂದು ೧೯೭೧ರಲ್ಲಿ ಪ್ರಕಟವಾದ ಆತ್ಮಕಥೆಯಲ್ಲಿ ಅವರು ಬರೆದಿದ್ದಾರೆ. ಪುಸ್ತಕಗಳಲ್ಲಿ ಹುಡುಕಿದ ಹೋಲಿಕೆಯಲ್ಲ ಅದು. ತಾನೂ ಅಂಥದೇ ಒಂದು ಗೆರೆಯ ಆಚೆ ಇದ್ದವರ ಮಕ್ಕಳಿಗೆ ಪಾಠ ಹೇಳುತ್ತಿದ್ದ ಮೈಸೂರಿನ ಮೇಷ್ಟ್ರೊಬ್ಬರು ಕಣ್ಣಾರೆ ಕಂಡದ್ದು. ನಮ್ಮಲ್ಲಿಯೂ ಶಾಸ್ತ್ರವನ್ನು ಓದುವ, ಕೇಳುವ ಅಧಿಕಾರ ಯಾರಿಗೆ ಉಂಟು, ಯಾರಿಗೆ ಇಲ್ಲ ಎಂಬ ವಿಧಿಗಳಿದ್ದುವಲ್ಲವೆ? ಆ ಮೇಷ್ಟ್ರಿಗೆ ಅಮೆರಿಕವನ್ನು ಅರ್ಥ ಮಾಡಿಕೊಳ್ಳಲು ಬೇರೆ ಪಾಠ ಬೇಕಾಗಿರಲಿಲ್ಲ.

ಮುಂದೆ ಮೇಸ್ ಅವರು ಅಟ್ಲಾಂಟಾದ ಮೋರ್‌ಹೌಸ್ ಕಾಲೇಜಿನ ಅಧ್ಯಕ್ಷರಾದರು. ಅಲ್ಲಿ ಅವರ ಪ್ರಭಾವಕ್ಕೆ ಒಳಗಾದ ವಿದ್ಯಾರ್ಥಿಯೊಬ್ಬರು ಮಾರ್ಟಿನ್ ಲೂಥರ್ ಕಿಂಗ್. ೧೯೬೩ರಲ್ಲಿ ಬರ್ಮಿಂಗ್‌ಹ್ಯಾಮ್ ಸೆರೆಮನೆಯಿಂದ ಕಿಂಗ್ ಬರೆದ ಪ್ರಸಿದ್ಧ ಪತ್ರ ಪೋಲೀಸರಿಗೆ ಬರೆದದ್ದಲ್ಲ, ಗವರ್ನರಿಗೆ ಬರೆದದ್ದೂ ಅಲ್ಲ. ಸ್ವಲ್ಪ ತಾಳಿ, ಆತುರ ಬೇಡ ಎಂದು ಬುದ್ಧಿ ಹೇಳಿದ್ದ ಎಂಟು ಜನ ಬಿಳಿಯ ಧರ್ಮಗುರುಗಳಿಗೆ ಬರೆದದ್ದು. ಅದೇ ವರ್ಷ ಸೆಪ್ಟೆಂಬರ್ ೧೫ರ ಭಾನುವಾರ ಆ ಊರಿನ ಕರಿಯರ ಚರ್ಚಿಗೆ ಬಾಂಬಿಟ್ಟು ನಾಲ್ವರು ಹುಡುಗಿಯರನ್ನು ಕೊಂದರು.

ವರ್ಜೀನಿಯಾಕ್ಕೆ ಮತ್ತೊಮ್ಮೆ ಬರೋಣ. ೧೯೫೮ರಲ್ಲಿ ಅಲ್ಲಿನ ರಿಚರ್ಡ್ ಲವಿಂಗ್ ಎಂಬ ಬಿಳಿಯ ಗಾರೆಕೆಲಸದವನು ಮಿಲ್ಡ್ರೆಡ್ ಜೀಟರ್ ಎಂಬ ಕರಿಯ ಹೆಣ್ಣುಮಗಳನ್ನು ಬೇರೆಡೆ ಹೋಗಿ ಮದುವೆಯಾಗಿ ಬಂದನು. ೧೯೫೯ರಲ್ಲಿ ಅವರಿಗೆ ಶಿಕ್ಷೆ ವಿಧಿಸಿದ ನ್ಯಾಯಾಧೀಶ ಬಜೈಲ್, ದೇವರೇ ಜನಾಂಗಗಳನ್ನು ಬೇರೆ ಬೇರೆ ಬಣ್ಣದಲ್ಲಿ ಸೃಷ್ಟಿಸಿ ಬೇರೆ ಬೇರೆ ಖಂಡಗಳಲ್ಲಿ ಇಟ್ಟನೆಂದೂ, ಅವು ಬೆರೆಯುವುದು ಅವನ ಇಚ್ಛೆಯಲ್ಲವೆಂದೂ ಮುಂದೆ ತನ್ನ ಆದೇಶದಲ್ಲಿ ಬರೆದನು. ಆಫ್ರಿಕನ್ನರನ್ನು ಅವರ ಖಂಡದಿಂದ ಎತ್ತಿ ತಂದವರು ಯಾರೆಂಬುದನ್ನು ಅವನು ಬರೆಯಲಿಲ್ಲ. ೧೬೯೧ರಲ್ಲಿ ಹುಟ್ಟಿ ಬೇರೆ ಬೇರೆ ರೂಪಗಳಲ್ಲಿ ಬದುಕಿದ್ದ ಆ ನಿಷೇಧವನ್ನು ಸರ್ವೋಚ್ಚ ನ್ಯಾಯಾಲಯ ತೊಡೆದುಹಾಕಿದ್ದು ೧೯೬೭ರ ಜೂನ್ ೧೨ರಂದು, ೨೭೬ ವರ್ಷಗಳ ಮೇಲೆ.

ಅನಂತರ ಚರ್ಚುಗಳೂ ಒಂದೊಂದಾಗಿ ಬಾಯಿಬಿಟ್ಟವು. ಕರಿಯ ಗಂಡಸರಿಗೆ ಪೌರೋಹಿತ್ಯವಿಲ್ಲವೆಂಬ ನಿಯಮವನ್ನು ಮಾರ್ಮನರು ೧೯೭೮ರಲ್ಲಿ ಬಿಟ್ಟರು. ದಕ್ಷಿಣದ ಬ್ಯಾಪ್ಟಿಸ್ಟರು ತಮ್ಮ ಸಂಘ ಹುಟ್ಟಿ ೧೫೦ ವರ್ಷ ತುಂಬಿದಾಗ, ೧೯೯೫ರಲ್ಲಿ, ಕ್ಷಮೆ ಬೇಡುವ ನಿರ್ಣಯ ಮಾಡಿದರು. ಬಾಬ್ ಜೋನ್ಸ್ ಎಂಬ ಕ್ರೈಸ್ತ ವಿಶ್ವವಿದ್ಯಾನಿಲಯ ಬಿಳಿಯ ಮತ್ತು ಕರಿಯ ವಿದ್ಯಾರ್ಥಿಗಳ ನಡುವಣ ಪ್ರಣಯಕ್ಕೆ ಹಾಕಿದ್ದ ನಿಷೇಧವನ್ನು ತೆಗೆದದ್ದು ೨೦೦೦ದಲ್ಲಿ.

೧೮೨೨ರಲ್ಲಿ ದಕ್ಷಿಣ ಕರೊಲಿನಾದ ಚಾರ್ಲ್‌ಸ್ಟನ್ ನಗರದಲ್ಲಿ ಡೆನ್ಮಾರ್ಕ್ ವೀಸಿ ಎಂಬ ಕರಿಯ ಬಡಗಿ ದಂಗೆಯ ಸಂಚು ಹೂಡಿದನೆಂದು ಗಲ್ಲಿಗೇರಿಸಿದರು. ಅವನು ಹೋಗುತ್ತಿದ್ದ ಕರಿಯರ ಚರ್ಚನ್ನು ಕೆಡವಿದರು. ಆ ಸಭೆಯವರು ಗುಟ್ಟಾಗಿ ಕೂಡುತ್ತ ಬಂದು, ಗುಲಾಮಗಿರಿ ಹೋದಮೇಲೆ ಮತ್ತೆ ಬಹಿರಂಗವಾಗಿ ಚರ್ಚು ಕಟ್ಟಿ ಅದಕ್ಕೆ ಇಮ್ಯಾನ್ಯುಯೆಲ್ ಎಂದು ಹೆಸರಿಟ್ಟರು. ೨೦೧೫ರ ಜೂನ್ ೧೭, ಬುಧವಾರ ಸಂಜೆ, ಆ ಚರ್ಚಿನಲ್ಲಿ ಹನ್ನೆರಡು ಮಂದಿ ಕುಳಿತು ಬೈಬಲಿನಲ್ಲಿ ಬೀಜ ಬಿತ್ತುವವನ ಸಾಮ್ಯವನ್ನು ಓದುತ್ತಿದ್ದರು. ಒಳಗೆ ಬಂದ ಅಪರಿಚಿತ ಬಿಳಿಯ ಯುವಕನಿಗೆ ಕುರ್ಚಿ ಕೊಟ್ಟು ಕೂರಿಸಿಕೊಂಡರು. ಪಾಠ ಮುಗಿದು ಪ್ರಾರ್ಥನೆಗೆ ಕಣ್ಣುಮುಚ್ಚಿದಾಗ ಅವನು ಒಂಬತ್ತು ಜನರನ್ನು ಗುಂಡಿಟ್ಟು ಕೊಂದನು. ಮುಂದಿನ ಬುಧವಾರ ಅದೇ ಕೋಣೆಯಲ್ಲಿ ಬೈಬಲ್ ಪಾಠ ನಡೆಯಿತು. ಅಂದು ಕುರ್ಚಿಗಳು ಸಾಲದಷ್ಟು ಜನ ಬಂದಿದ್ದರು.